ಕಡತದ ಏಳನೇ ಪುಟ

ವರ್ಗಾವಣೆ ಆದೇಶವನ್ನು ಅವಳ ಕೈಗೆ ತಂದುಕೊಟ್ಟವನು ಗುಂಡುಪಿನ್ನೇ.

ಅವನು ಸಿಬ್ಬಂದಿ ವಿಭಾಗದ ಗುಮಾಸ್ತ. ತುಟಿಯಂಚಿನಲ್ಲಿ ಪಿನ್ನು ಕಚ್ಚಿಕೊಂಡೇ ಕಾಗದ ಜೋಡಿಸುತ್ತಾನೆಂದು ಆ ಹೆಸರಿಟ್ಟವಳು ಅವಳು. ವರ್ಷದಿಂದ ದಿನಾ ಏನಾದರೊಂದು ನೆಪ ಹೂಡಿ ಅವಳ ನೀರು ಪರೀಕ್ಷಾಲಯಕ್ಕೆ ಬರುತ್ತಿದ್ದ. ಅವಳು ಗಾಜಿನ ನಳಿಕೆಯನ್ನು ಬೆಳಕಿಗೆ ಹಿಡಿದರೆ, ಅವನ ಕಣ್ಣು ನಳಿಕೆಯೊಂದನ್ನು ಬಿಟ್ಟು ಮಿಕ್ಕೆಲ್ಲದರ ಮೇಲೆ.

"ಏನ್ರೀ, ಬಣ್ಣ ಬದಲಾಗಬೇಕಾದ್ದು ನೀರಿಂದು. ನೀವ್ಯಾಕೆ ಕೆಂಪಗಾಗ್ತೀರಿ?" ಎಂದು ಕೆಣಕಿದರೆ, ಬಂದ ಕೆಲಸವನ್ನೇ ಮರೆತು ವಾಪಸು ಹೋಗುತ್ತಿದ್ದ.

ಆ ದಿನ ಮಾತ್ರ ತಲೆ ಎತ್ತಲಿಲ್ಲ. "ಇಲ್ಲೊಂದು ಸಹಿ ಬೇಕಿತ್ತು."

ಓದಿದಳು. ಆರುನೂರು ಕಿಲೋಮೀಟರ್ ದೂರದ, ಪರೀಕ್ಷಾಲಯವೇ ಇಲ್ಲದ ಊರು. ಏಳು ದಿನದೊಳಗೆ ಹಾಜರಾಗಬೇಕು. ಕೆಳಗಿನ ಮೂಲೆಯಲ್ಲಿ, ಟೈಪ್ ಮಾಡಿದವರ ಜಾಗದಲ್ಲಿ, ಅವನ ಪುಟ್ಟ ಸಹಿ.

ಕಾರಣ ಅವಳಿಗೆ ಗೊತ್ತಿತ್ತು. ಹಳೇ ಬಡಾವಣೆಯ ನೀರು ಕುಡಿಯಲು ಯೋಗ್ಯವಲ್ಲ ಎಂದು ಹಿಂದಿನ ವಾರ ವರದಿ ಕೊಟ್ಟಿದ್ದಳು. ತಿದ್ದಿಕೊಡು ಎಂದ ಮೇಲಧಿಕಾರಿಗೆ, ಆಗಲ್ಲ ಸರ್, ಎಂದಿದ್ದಳು. ಅವರ ಕೋಪ ಅರ್ಥವಾಗುತ್ತಿತ್ತು. ಈ ಸಹಿ ಅರ್ಥವಾಗಲಿಲ್ಲ.

"ಟೈಪ್ ಮಾಡೋವಾಗ ನನಗೊಂದು ಮಾತು ಹೇಳಬೇಕು ಅನ್ನಿಸಲಿಲ್ವಾ?"

ಅವನು ಪೆನ್ನಿನ ಮುಚ್ಚಳ ತೆಗೆದು ಅವಳ ಮುಂದಿಟ್ಟ.

ಸಹಿ ಗೀಚಿ, "ಹೋಗಿ" ಎಂದಳು. ಹೋದ.

ಮನೆಯಲ್ಲಿ ಅಮ್ಮನಿಗೆ ಒಂದು ಕಣ್ಣಿನ ಆಪರೇಷನ್ ಆಗಿತ್ತು, ಇನ್ನೊಂದು ಬಾಕಿ. "ಅವರು ಹೋಗು ಅಂದ್ರೆ ಗಂಟುಮೂಟೆ ಕಟ್ಟಿಬಿಡ್ತೀಯಾ? ಕೋರ್ಟಿಗೆ ಹೋಗಿ ಕೇಳು" ಎಂದಳು ಅಮ್ಮ.

ವಕೀಲೆ ದೊಡ್ಡ ಆಸೆಯನ್ನೇನೂ ಹುಟ್ಟಿಸಲಿಲ್ಲ. "ವರ್ಗಾವಣೆ ವಿಷಯಕ್ಕೆ ಕೋರ್ಟು ಸುಲಭವಾಗಿ ಕೈ ಹಾಕಲ್ಲಮ್ಮ. ನಿಯಮ ಮುರಿದಿದ್ದಾರೆ, ಇಲ್ಲಾ ಸೇಡು ತೀರಿಸ್ಕೊಳ್ತಿದ್ದಾರೆ ಅಂತ ತೋರಿಸಬೇಕು. ಅದಕ್ಕೆ ಸಾಕ್ಷಿ ಇದ್ದರೆ ಅವರ ಕಡತದಲ್ಲೇ ಇರುತ್ತೆ."

ಆದೇಶಕ್ಕೆ ಮೂರು ವಾರದ ತಡೆ ಸಿಕ್ಕಿತು. ಮೂಲ ಕಡತ ತನ್ನಿ ಎಂದಿತು ನ್ಯಾಯಾಲಯ. ಆ ಮೂರು ವಾರ ಅವನು ಪರೀಕ್ಷಾಲಯದ ಕಡೆ ಸುಳಿಯಲಿಲ್ಲ. ಬಾಗಿಲು ಕಿರ್ ಎಂದಾಗಲೆಲ್ಲ ತಿರುಗಿ ನೋಡುವ ತನ್ನ ಮೇಲೇ ಅವಳಿಗೆ ಸಿಟ್ಟು.

ವಿಚಾರಣೆಯ ದಿನ ಕಡತವನ್ನು ಎದೆಗವಚಿಕೊಂಡು ಬಂದವನೂ ಅವನೇ. ಅಂಗಿಯ ಕಾಲರಿನ ಒಂದೇ ಬದಿಗೆ ಇಸ್ತ್ರಿಯಾಗಿತ್ತು. ನೋಡಬಾರದು ಎಂದುಕೊಂಡೇ ಇದನ್ನೆಲ್ಲ ನೋಡಿದಳು.

"ಆಡಳಿತದ ಅನುಕೂಲಕ್ಕೆ ಮಾಡಿದ ವರ್ಗಾವಣೆ, ಅಷ್ಟೇ" ಎಂದರು ಇಲಾಖೆಯ ವಕೀಲರು.

ಪುಟ ತಿರುವುತ್ತಿದ್ದ ನ್ಯಾಯಾಧೀಶೆ ಏಳನೆಯದರಲ್ಲಿ ನಿಂತರು. ಗಟ್ಟಿಯಾಗಿ ಓದಿದರು:

"'ಈ ನೌಕರರು ಇಲ್ಲಿಗೆ ಬಂದು ಹದಿನಾಲ್ಕು ತಿಂಗಳಾಗಿದೆ. ಮೂರು ವರ್ಷಕ್ಕೆ ಮೊದಲು ವರ್ಗಾಯಿಸಲು ಲಿಖಿತ ಕಾರಣ ಬೇಕು. ಅಂಥ ಕಾರಣ ಕಡತದಲ್ಲಿಲ್ಲ. ನೀರಿನ ವರದಿ ಬಂದ ನಾಲ್ಕನೇ ದಿನ ಈ ಪ್ರಸ್ತಾವ ಬಂದಿದೆ.' ಇದನ್ನ ಬರೆದವರು ಯಾರು?"

ಹಿಂದಿನ ಬೆಂಚಿನಿಂದ ಗುಂಡುಪಿನ್ ಎದ್ದ. "ನಾನು, ಮೇಡಂ."

"ಕೆಳಗೆ 'ಹೇಳಿದಷ್ಟು ಮಾಡಿ' ಅಂತಿದೆ?"

"ಅದು ಮೇಲಧಿಕಾರಿಗಳು ಬರೆದದ್ದು. ಆಮೇಲೆ ಆದೇಶ ಟೈಪ್ ಮಾಡಿದ್ದು ನಾನೇ."

ಅಂದು ತಾನು 'ಹೋಗಿ' ಎಂದದ್ದು ಅವಳಿಗೆ ನೆನಪಾಯಿತು. ನ್ಯಾಯಾಧೀಶೆ ಕನ್ನಡಕ ತೆಗೆದರು. "ಯಾರನ್ನ ಎಲ್ಲಿಗೆ ಕಳಿಸಬೇಕು ಅನ್ನೋದು ಇಲಾಖೆಗೆ ಬಿಟ್ಟದ್ದು. ಕೆಲಸ ನೆಟ್ಟಗೆ ಮಾಡಿದ್ದಕ್ಕೆ ಕಳಿಸ್ತೀವಿ ಅಂದ್ರೆ ಒಪ್ಪೋಕಾಗಲ್ಲ. ಆದೇಶ ರದ್ದು."

ಹೊರಗೆ ಬಂದವಳೇ ಮನೆಗೆ ಸುದ್ದಿ ಮುಟ್ಟಿಸಿದಳು. ಫೋನಿನಲ್ಲಿ ಅಮ್ಮ ಅತ್ತಳೋ ನಕ್ಕಳೋ ತಿಳಿಯಲಿಲ್ಲ.

ಮೆಟ್ಟಿಲ ತಿರುವಿನ ಕಿಟಕಿಕಟ್ಟೆಯ ಮೇಲೆ ಅವನು ಕಡತಕ್ಕೆ ದಾರ ಸುತ್ತುತ್ತಿದ್ದ.

"ನನಗ್ಯಾಕೆ ಹೇಳಲಿಲ್ಲ?"

"ಕಡತದ ಮಾತು ಹೊರಗೆ ಆಡೋ ಹಾಗಿಲ್ಲ. ಅಲ್ಲದೆ, ಬರೆದೆ ನಿಜ, ತಡೆಯೋಕಾಗಲಿಲ್ವಲ್ಲ. ಯಾವ ಮುಖ ಇಟ್ಕೊಂಡು ಹೇಳ್ಲಿ?"

"ಆ ಪುಟ ತೆಗೆದುಹಾಕು ಅಂತ ಯಾರೂ ಹೇಳಲಿಲ್ವಾ?"

"ನಿನ್ನೆ ಕರೆಸಿ ಹೇಳಿದ್ರು. ಪುಟಗಳಿಗೆಲ್ಲ ನಂಬರ್ ಹಾಕಾಗಿದೆ ಸರ್, ಕಿತ್ತರೆ ಗೊತ್ತಾಗುತ್ತೆ, ಅಂದೆ."

"ಯಾವಾಗ ಹಾಕಿದ್ರಿ?"

"ಅವರು ಕರೆದಾಗ. ಅವರ ರೂಮಿಗೆ ಹೋಗೋ ಮುಂಚೆ."

ಅವಳಿಗೆ ನಗು ತಡೆಯಲಾಗಲಿಲ್ಲ. ನಕ್ಕೂ ನಕ್ಕೂ ಕಣ್ಣು ಒದ್ದೆಯಾಯಿತು. "ಇನ್ನು ನಿಮ್ಮನ್ನ ಸುಮ್ನೆ ಬಿಡ್ತಾರಾ?"

"ನನಗೂ ಒಂದು ಆದೇಶ ಬರಬಹುದು."

"ಬರಲಿ. ಈಗ ಒಳ್ಳೇ ವಕೀಲರು ಗೊತ್ತು ನಮಗೆ."

'ನಮಗೆ' ಎಂದದ್ದು ಇಬ್ಬರಿಗೂ ಕೇಳಿಸಿತು. ಅವನು ಕಿವಿಯವರೆಗೂ ಕೆಂಪಾದ. ಆದರೆ ಈ ಸಲ ಓಡಿಹೋಗಲಿಲ್ಲ.

"ನಿಮ್ಮನ್ನ ಕಂಡ್ರೆ ನನಗೆ ತುಂಬಾ ಇಷ್ಟ. ನನ್ನನ್ನ ಮದುವೆ ಆಗ್ತೀರಾ?"

"ಇದನ್ನೂ ಬರೆದುಕೊಡ್ತೀರೇನೋ ಅಂದ್ಕೊಂಡಿದ್ದೆ."

"ಬೇಕಾದ್ರೆ ಬರೀತೀನಿ."

"ಬೇಡ, ಕೇಳಿಸ್ತು. ಆಗ್ತೀನಿ."

ಅವನ ಕೈಯಿಂದ ದಾರದ ಗಂಟು ಜಾರಿತು. ಅವಳು ತನ್ನ ಬೆರಳನ್ನು ಗಂಟಿನ ಮೇಲೆ ಒತ್ತಿ ಹಿಡಿದಳು. ಅವನು ಬಿಗಿದು ಕಟ್ಟಿದ. ಕಟ್ಟಿದ ಮೇಲೂ ಇಬ್ಬರೂ ಕೈ ತೆಗೆಯಲಿಲ್ಲ.