ಏಳನೇ ಕಿಟಕಿಯವನಿಗೊಂದು ಮಣ್ಣಿನ ಹೇಂಟೆ

ಠಣ್! ಠಣ್! ಠಣ್!

ಸೂಪಿನ ಸೌಟು ಏಳನೇ ಕಿಟಕಿಯ ಕಂಬಿಗೆ ಬಡಿಯುತ್ತಿತ್ತು. ಒಳಗಿದ್ದ ಗುಮಾಸ್ತ ರೆಂಬರ್ಟೊ ಬೆಚ್ಚಿ ತಲೆಯೆತ್ತಿದ. ಎದುರಿಗೆ ಉರಿಯುವ ಎರಡು ಕಣ್ಣು!

"ಕಿವಿ ಕೇಳಿಸುತ್ತಾ ಸಾಹೇಬ್ರೇ? ನಾನು ನರ್ಸ್ ಫ್ಲೋರಿಂದಾ. ವರ್ಗ ಆಗಿ ಲಾ ಪಾಸ್‌ಗೆ ಬಂದು ಐದು ತಿಂಗಳಾಯ್ತು. ಐದು ತಿಂಗಳಿಂದ ನಿಮ್ಮೂರಿನವರಿಗೆ ಸೂಜಿ ಚುಚ್ತಿದೀನಿ. ಒಂದು ಬೊಲಿವಿಯಾನೊ ಸಂಬಳ ಇಲ್ಲ!"

"ಹಳೇ ಕಚೇರಿಯಿಂದ ಬಿಡುಗಡೆ ಪತ್ರ ಬಂದಿಲ್ಲಮ್ಮಾ..."

"ಅವರು ಕಳಿಸಿದೀವಿ ಅಂತಾರೆ, ನೀವು ಬಂದಿಲ್ಲ ಅಂತೀರಿ. ಪತ್ರ ಏನು ಕುಂಟ್ಕೊಂಡು ಬರ್ತಿದೆಯಾ?"

ಹಿಂದಿದ್ದ ಹದಿನಾರು ಮಂದಿ ಘೊಳ್ಳೆಂದು ನಕ್ಕರು. ಅವರೂ ದಕ್ಷಿಣದಿಂದ ವರ್ಗವಾಗಿ ಬಂದ ನರ್ಸ್‌ಗಳೇ. ಕಚೇರಿಯ ಮೆಟ್ಟಿಲ ಮೇಲೇ ಒಲೆ ಹೂಡಿ, ಇದ್ದಬದ್ದ ಆಲೂಗಡ್ಡೆಯನ್ನೆಲ್ಲ ಒಂದೇ ಹಂಡೆಯಲ್ಲಿ ಬೇಯಿಸುತ್ತಿದ್ದರು. ಡ್ಯೂಟಿಗೆ ಅರ್ಧ ಗಂಟೆ ತಡವಾದರೆ ನೋಟಿಸು ಕೊಡುವ ಸರ್ಕಾರ, ಸಂಬಳವನ್ನು ಅರ್ಧ ವರ್ಷ ತಡಮಾಡಿ ಗೊರಕೆ ಹೊಡೆಯುತ್ತದೆ!

ಮಧ್ಯಾಹ್ನ ರೆಂಬರ್ಟೊ ಹೊರಬಂದ. ಖಾಲಿ ಬಟ್ಟಲು ಹಿಡಿದು ಸಾಲಿನಲ್ಲಿ ನಿಂತ!

"ನಾಚಿಕೆ ಇಲ್ವಾ?" ಫ್ಲೋರಿಂದಾ ಸಿಡುಕಿದಳು.

"ಇದೆ. ಆದ್ರೆ ವಾಸನೆ ಒಳಗೆ ಬಂದು ಕೆಲಸ ಮಾಡೋಕೆ ಬಿಡ್ತಿಲ್ಲ."

ಹಿರಿಯ ನರ್ಸ್ ಕಸಿಲ್ದಾ ನಗುತ್ತ ಬಡಿಸಿದಳು. ಮರುದಿನ ಅವನು ಒಂದು ಚೀಲ ಆಲೂಗಡ್ಡೆ ತಂದ. ಅದರ ಮರುದಿನವೂ ಬಂದ. ಎರಡನೇ ವಾರಕ್ಕೆ ಫ್ಲೋರಿಂದಾಳ ಸೌಟು ತಾನಾಗಿ ಹಂಡೆಯ ತಳಕ್ಕಿಳಿದು ಅವನಿಗೊಂದು ಮಾಂಸದ ತುಂಡು ಹುಡುಕತೊಡಗಿತು.

'ಛೇ... ಇದೇನಾಗ್ತಿದೆ ನನಗೆ?'

ಒಂದು ದಿನ ಅವನು ಪಿಸುಗುಟ್ಟಿದ. "ನಿಮ್ಮ ಹಳೇ ಕಚೇರೀಲಿ ನನ್ನ ಗೆಳೆಯ ಒಬ್ಬ ಇದಾನೆ. ನಿಮ್ಮೊಬ್ಬರ ಪತ್ರಾನ ಹೇಗಾದ್ರೂ ತರಿಸ್ತೀನಿ. ಯಾರಿಗೂ ಹೇಳ್ಬೇಡಿ..."

ಅವಳ ಮುಖ ಗಡುಸಾಯಿತು. "ನನ್ನೊಬ್ಬಳದ್ದಾ? ಉಳಿದ ಹದಿನಾರು ಬಟ್ಟಲಿಗೆ ಏನು ಬಡಿಸ್ಲಿ, ನನ್ನ ಸಂಬಳದ ಚೀಟೀನಾ? ಹಕ್ಕನ್ನ ಉಪಕಾರ ಮಾಡಿ ಹಂಚ್ತೀರಲ್ಲ! ನಾಳೆಯಿಂದ ಈ ಸಾಲಿಗೆ ಬರ್ಬೇಡಿ!"

ಮರುದಿನ ಏಳನೇ ಕಿಟಕಿ ಮುಚ್ಚಿತ್ತು. 'ರಜೆ' ಎಂಬ ಚೀಟಿ. ನಾಲ್ಕು ದಿನವಾದರೂ ತೆರೆಯಲಿಲ್ಲ.

'ಓಡಿಹೋದ... ಎಲ್ಲರೂ ಒಂದೇ!'

"ಕಣ್ಣೇಕೆ ಒದ್ದೆ?" ಕಸಿಲ್ದಾ ಕೇಳಿದಳು.

"ಈರುಳ್ಳಿ ಅಕ್ಕಾ."

"ಇವತ್ತು ಸೂಪಿಗೆ ಈರುಳ್ಳೀನೇ ಇಲ್ವಲ್ಲೇ!"

ಜನವರಿ ಇಪ್ಪತ್ತನಾಲ್ಕು, ಅಲಸಿತಾಸ್ ಸಂತೆ ಶುರುವಾಗುವ ದಿನ. ಬೇಕಾದ್ದನ್ನು ಪುಟಾಣಿ ರೂಪದಲ್ಲಿ ಕೊಂಡು, ಸರಿಯಾಗಿ ಹನ್ನೆರಡಕ್ಕೆ ಧೂಪದ ಹೊಗೆಗೆ ಹಿಡಿದರೆ ವರ್ಷದೊಳಗೆ ಅದು ಕೈಗೆ ಬರುತ್ತದೆ.

"ಬನ್ರೇ, ಸಂಬಳ ಕೊಳ್ಳೋಣ!" ಕಸಿಲ್ದಾ ಎಲ್ಲರನ್ನೂ ಎಳೆದು ತಂದಿದ್ದಳು. "ಜೋಡಿ ಸಿಗ್ಬೇಕಂದ್ರೆ ಒಂಟಿ ಹೆಣ್ಣಿಗೆ ಮಣ್ಣಿನ ಹುಂಜ, ಒಂಟಿ ಗಂಡಿಗೆ ಹೇಂಟೆ. ಆದ್ರೆ ಅದನ್ನ ಬೇರೆಯವರೇ ಕೊಡ್ಬೇಕು. ನಿನಗೊಂದು ಹುಂಜ ಕೊಡಿಸ್ಲಾ?"

"ಬಾಯ್ಮುಚ್ಚಕ್ಕಾ!"

ಅಷ್ಟರಲ್ಲಿ ಜನರನ್ನು ತಳ್ಳಿಕೊಂಡು ರೆಂಬರ್ಟೊ ಬಂದ! ಪ್ಯಾಂಟಿಗೆಲ್ಲ ಕೆಸರು, ಮುಖದ ತುಂಬ ಗಡ್ಡ. ಅಂಗೈಯಲ್ಲಿ ಉಗುರಗಲದ ಸಂಬಳದ ಆದೇಶಗಳು. ಒಂದೊಂದರ ಮೇಲೂ ಒಂದೊಂದು ಹೆಸರು.

"ಆಟದ ಸಾಮಾನು ಕೊಟ್ಟು ಸಮಾಧಾನ ಮಾಡ್ತೀರಾ?" ಫ್ಲೋರಿಂದಾ ಮುಖ ತಿರುಗಿಸಿದಳು.

"ದೊಡ್ಡವು ಕಿಟಕೀಲಿವೆ. ಬೆಳಿಗ್ಗೆ ಸಹಿ ಆಯ್ತು, ಹದಿನೇಳಕ್ಕೂ! ನಿಮ್ಮ ಪತ್ರಗಳೆಲ್ಲ ಹಳೇ ಕಚೇರಿ ಬೀರುವಿನಲ್ಲೇ ಕೊಳೀತಿದ್ವು. ನಾನೇ ಅಲ್ಲಿಗೆ ಹೋದೆ, ಮೊದಲು ಇಲ್ಲ ಅಂದ್ರು. ಹೋಟೆಲಿನಿಂದ ಒಂದು ಸೌಟು ಕಡ ತಂದೆ..."

"ತಂದು?"

"ನೀವು ಬಡಿದ ಹಾಗೇ ಬಡಿದೆ. ಮೂರು ದಿನ!"

ಫ್ಲೋರಿಂದಾ ಪಕ್ಕನೆ ನಕ್ಕುಬಿಟ್ಟಳು. ಕೆನ್ನೆಯ ಮೇಲೆ ಕಣ್ಣೀರೂ ಇಳಿಯಿತು. ಹದಿನಾರು ಗಂಟಲು ಒಟ್ಟಿಗೆ ಕೂಗಿದವು!

"ತಪ್ಪಾಯ್ತು," ಅವನೆಂದ. "ಅವತ್ತು ನನ್ನ ಕಣ್ಣಿಗೆ ನೀವೊಬ್ಬರೇ ಕಾಣ್ತಿದ್ರಿ..."

"ಇವತ್ತು?"

"ಹದಿನೇಳೂ ಜನ ಕಾಣ್ತಾರೆ. ಆದ್ರೂ... ನೀವೇ ಮೊದಲು."

ಇಗರ್ಜಿಯ ಗಂಟೆ ಹನ್ನೆರಡು ಬಾರಿಸತೊಡಗಿತು. ಕೈಗಳೆಲ್ಲ ಹೊಗೆಯತ್ತ ಚಾಚಿದವು. ಅವಳು ಸರಕ್ಕನೆ ತಿರುಗಿ, ಅಂಗಡಿಯಿಂದ ಮಣ್ಣಿನ ಹೇಂಟೆಯೊಂದನ್ನು ಕೊಂಡು ಅವನ ಅಂಗೈಗಿಟ್ಟಳು.

ಅವನು ಹೇಂಟೆಯನ್ನು ತಿರುಗಿಸಿ ನೋಡಿದ. "ಇದು... ಬೇರೆ ಯಾರನ್ನಾದ್ರೂ ಹುಡುಕ್ಕೋ ಅಂತಾನಾ?"

"ಹುಡುಕಿ ನೋಡಿ! ಸೌಟು ಇನ್ನೂ ನನ್ನ ಹತ್ರಾನೇ ಇದೆ."

"ಹಾಗಾದ್ರೆ... ಎಷ್ಟು ತಿಂಗಳು ಕಾಯ್ಬೇಕು ಫ್ಲೋರಿಂದಾ?"

ಅವಳು ಅವನ ಕೈಯನ್ನು ಹೇಂಟೆಯ ಸಮೇತ ಹಿಡಿದು ಹೊಗೆಯ ಮೇಲೆ ಎತ್ತಿದಳು.

"ನಿಮ್ಮ ಕಚೇರಿ ಥರ ನಾನು ಯಾರನ್ನೂ ಕಾಯಿಸಲ್ಲ."