ಒಟ್ಟು ನಲವತ್ತೆಂಟು

“ಮತ್ತ ಅದೇ ಉತ್ತರ ಬರದಿಯಲ್ಲ!”

ಮಡಿವಾಳಯ್ಯ ಸರ್ ಚಾಕ್‌ಪೀಸಿನಿಂದ ಬೋರ್ಡಿನ ಮೇಲೆ ಟಕ್ ಟಕ್ ಎಂದು ಬಡಿದರು. ಬೋರ್ಡಿನ ಮುಂದೆ ನಿಂತಿದ್ದ ಜಯಮಾಲಾ ತಲೆ ತಗ್ಗಿಸಿದಳು. ಐದನೇ ಕ್ಲಾಸಿನವರೆಲ್ಲ ಅವಳನ್ನೇ ನೋಡುತ್ತಿದ್ದರು.

ಮೊದಲ ಲೆಕ್ಕವನ್ನು ಸರ್ ತಾವೇ ಬಿಡಿಸಿ ತೋರಿಸಿದ್ದರು. ಎರಡು ಬುಟ್ಟಿಗಳಲ್ಲಿ ಒಟ್ಟು ಇಪ್ಪತ್ತು ಪೇರಲ ಹಣ್ಣು. ಒಂದರಲ್ಲಿ ಇನ್ನೊಂದಕ್ಕಿಂತ ನಾಲ್ಕು ಹೆಚ್ಚು. ಯಾವುದರಲ್ಲಿ ಎಷ್ಟು? ಹನ್ನೆರಡು ಮತ್ತು ಎಂಟು.

ಎರಡನೆಯ ಲೆಕ್ಕ ಜಯಮಾಲಾಳ ಪಾಲಿಗೆ ಬಂದಿತ್ತು. ಅದರಲ್ಲೂ ಒಟ್ಟು ಇಪ್ಪತ್ತೇ. ಆದರೆ ಒಂದು ಬುಟ್ಟಿಯಲ್ಲಿ ಆರು ಹೆಚ್ಚು. ಅವಳು ಮತ್ತೆ ಹನ್ನೆರಡು, ಎಂಟು ಎಂದೇ ಬರೆದಿದ್ದಳು.

“ಒಟ್ಟು ಇಪ್ಪತ್ತೇ ಅದ ಅಲ್ರಿ ಸರ್? ಒಟ್ಟು ಬದಲಾಗಿಲ್ಲಂದ್ರ ಬುಟ್ಟಿಯಾಗಿನ ಹಣ್ಣು ಹ್ಯಾಂಗ ಬದಲಾಗ್ತಾವರಿ?”

“ಹಣ್ಣಿಗಿ ಕಾಲ ಬಂದಾವರಿ ಸರ್! ಈ ಬುಟ್ಟಿ ಬಿಟ್ಟು ಆ ಬುಟ್ಟಿಗಿ ಓಡಿ ಹೋಗ್ಯಾವ!” ಎಂದ ಹಿಂದಿನ ಬೆಂಚಿನ ರಿಹಾನ. ಎಲ್ಲರೂ ಗೊಳ್ಳೆಂದು ನಕ್ಕರು.

ಸರ್ ಕೂಡ ನಕ್ಕರು. “ಅಂವ ಹೇಳಿದ್ದು ಖರೇನೇ ಅದ. ಈ ಬುಟ್ಟಿಯಾಂದು ಒಂದು ತಗದು ಆ ಬುಟ್ಟಿಗಿ ಹಾಕು. ಒಟ್ಟು ಅಷ್ಟೇ ಇರ್ತದ. ಆದ್ರ ಒಂದು ತುಂಬತದ, ಇನ್ನೊಂದು ಖಾಲಿ ಆಗ್ತದ. ಹೆಚ್ಚಿದ್ದದ್ದು ಮೊದಲು ಬಾಜೂಕ ಇಡು, ಉಳಿದದ್ದು ಅರ್ಧ ಮಾಡು. ತಿಳೀತಿಲ್ಲ?”

ತಿಳಿಯಲಿಲ್ಲ. ಅಷ್ಟರಲ್ಲಿ ಗಂಟೆ ಹೊಡೆಯಿತು.

“ನಾಳಿ ಐದೂ ಲೆಕ್ಕ ಮಾಡ್ಕೊಂಡೇ ಬರ್ಬೇಕು,” ಎಂದರು ಸರ್.

ಲೆಕ್ಕ ಅವಳ ತಲೆಗೆ ಹೋಗದಿರಲು ಬೇರೆ ಕಾರಣವೂ ಇತ್ತು. ಅಪ್ಪನ ತಾಯಿ ಅಂಬುಬಾಯಿ ಆಯಿ ಐನಾಪುರದಿಂದ ಬಂದಿದ್ದಳು. ಐದು ತಿಂಗಳ ತಮ್ಮ ಜಟ್ಟೆಪ್ಪನನ್ನು ಒಯ್ಯುತ್ತೇನೆ ಎಂದು ನಿನ್ನೆಯಿಂದ ಹಟ ಹಿಡಿದು ಕುಳಿತಿದ್ದಳು.

ಜಯಮಾಲಾ ಮನೆಗೆ ಬಂದಾಗಲೂ ಅದೇ ಮಾತು ನಡೆದಿತ್ತು.

“ಕೂಸಿನ ಕೈ ನೋಡು, ಕಡ್ಡಿ ಆಗ್ಯಾವ. ನಿನ್ನ ಹಾಲು ಸಾಲಂಗಿಲ್ಲ,” ಆಯಿ ಬಾಗಿಲ ಮುಂದೆ ಹಾಸಿದ ಫರ್ಸಿಕಲ್ಲಿನ ಮೇಲೆ ಕುಳಿತು ಹೇಳುತ್ತಿದ್ದಳು. “ನನ್ನ ಮಗಳ ಮನ್ಯಾಗ ಎರಡು ಎಮ್ಮಿ ಅವ. ನಡಿಯಾಕ ಬರೋತನ ಅಲ್ಲೇ ಇರ್ಲಿ.”

ಅವ್ವ ಆಗತಾನೇ ಪಾಲಿಶ್ ಮಷಿನ್ನಿನ ಕೆಲಸದಿಂದ ಬಂದಿದ್ದಳು. ಅವಳ ಹುಬ್ಬಿನ ಮೇಲೆಲ್ಲ ಕಲ್ಲಿನ ಬಿಳಿ ಪುಡಿ ಕುಳಿತಿತ್ತು. ಮೊದಲು ಇಲ್ಲಿ ಶಹಾಬಾದಿನಲ್ಲಿ ದಿನವೂ ಕೆಲಸ ಸಿಗುತ್ತಿತ್ತು. ಈಗ ವಾರದಲ್ಲಿ ಮೂರು ದಿನ ಸಿಕ್ಕರೆ ಹೆಚ್ಚು. ಅಪ್ಪ ಅಣವೀರ ಫರ್ಸಿಕಲ್ಲಿನ ಲಾರಿಯ ಜೊತೆ ಸೊಲ್ಲಾಪುರದ ಕಡೆ ಹೋದವನು ಇನ್ನೂ ಬಂದಿರಲಿಲ್ಲ.

“ಅತ್ತೀ, ಒಂದು ಸಲ ತೂಕ ಮಾಡಿ ನೋಡೋಣ್ರಿ,” ಎಂದಳು ಅವ್ವ ಮೆಲ್ಲಗೆ. “ಬೆಳದಿದ್ರ ನನ್ನ ಹಂತ್ಯಾಕೇ ಇರ್ಲಿ. ಇಲ್ಲಂದ್ರ...”

“ಇಲ್ಲಂದ್ರ ನಾಳಿ ಮುಂಜಾನಿ ಬಸ್ಸಿಗಿ ನಾ ಒಯ್ಯಾಕಿ,” ಎಂದು ಆಯಿಯೇ ಮುಗಿಸಿದಳು.

ಅವ್ವ, ಆಯಿಯ ಜೊತೆ ಜಯಮಾಲಾ ತಮ್ಮನನ್ನು ಸೊಂಟದ ಮೇಲೆ ಕೂರಿಸಿಕೊಂಡು ಕಿರಾಣಿ ಅಂಗಡಿಗೆ ಹೊರಟಳು. ಅರ್ಧ ದಾರಿಗೇ ಸೊಂಟ ನೋಯತೊಡಗಿತು. ದಸರಾಕ್ಕೆ ಮೊದಲು ಹೀಗೆ ನೋಯುತ್ತಿರಲಿಲ್ಲ. ‘ಬೆಳದಾನ, ಖರೇನೇ ಬೆಳದಾನ’ ಎಂದು ಅವಳು ಮನಸ್ಸಿನಲ್ಲೇ ಅಂದುಕೊಂಡಳು.

ಖಾಜಾಮಿಯಾ ಚಾಚಾನ ಕಿರಾಣಿ ಅಂಗಡಿಯಲ್ಲಿ ಉಳ್ಳಾಗಡ್ಡಿ ಚೀಲ ತೂಗುವ ದೊಡ್ಡ ಕಾಟಾ ಇತ್ತು. ಕೂಸನ್ನು ಒಂದನ್ನೇ ಅದರ ಮೇಲಿಟ್ಟರೆ ಕಾಲು ಝಾಡಿಸುತ್ತಿತ್ತು, ಅಂಕಿ ನಿಲ್ಲುತ್ತಿರಲಿಲ್ಲ. ಅದಕ್ಕೇ ದಸರಾಕ್ಕೆ ಮೊದಲು ಅವ್ವ ಅವನನ್ನು ಎತ್ತಿಕೊಂಡು ನಿಂತಿದ್ದಳು. ಆಗ ಇಬ್ಬರದೂ ಸೇರಿ ನಲವತ್ತೆಂಟು ಕೇಜಿ. ಆಮೇಲೆ ಅವ್ವ ಒಬ್ಬಳೇ ನಿಂತಾಗ ನಲವತ್ಮೂರು. ಹಾಗಾದರೆ ಜಟ್ಟೆಪ್ಪ ಐದು ಕೇಜಿ.

“ಬರ್ರಿ ಅಕ್ಕಾ, ನಿಂದ್ರಿ,” ಎಂದು ಚಾಚಾ ಕಾಟಾದ ಮೇಲಿನ ಪುಡಿ ಒರೆಸಿದ.

ಅವ್ವ ಚಪ್ಪಲಿ ಕಳಚಿ, ಕೂಸನ್ನು ಎದೆಗವಚಿಕೊಂಡು ನಿಂತಳು. ಕೆಂಪು ಅಂಕಿಗಳು ಓಡಾಡಿ, ಓಡಾಡಿ ನಿಂತವು.

ನಲವತ್ತೆಂಟು.

“ಆಗೂ ನಲವತ್ತೆಂಟು, ಈಗೂ ನಲವತ್ತೆಂಟು,” ಆಯಿ ಹಣೆ ಬಡಿದುಕೊಂಡಳು. “ಎಲ್ಲಿ ಬೆಳದಾನವ್ವ ನನ್ನ ಮೊಮ್ಮಗ?”

ಚಾಚಾ ಬೆರಳು ಮಡಚಿದ. “ನಲವತ್ತೆಂಟ್ರಾಗ ನಲವತ್ಮೂರು ಹೋದ್ರ... ಐದೇ ಅದ ನೋಡ್ರಿ.”

ಅವ್ವ ಕೆಳಗಿಳಿದಳು. ಕೂಸಿನ ಕುಲಾವಿಯ ದಾರವನ್ನು ಬಿಚ್ಚಿದಳು, ಮತ್ತೆ ಕಟ್ಟಿದಳು. ಆಮೇಲೆ ಅವನನ್ನು ಆಯಿಯ ಕಡೆಗೆ ಚಾಚಿದಳು.

ನಡುವೆ ನುಗ್ಗಿ ಜಯಮಾಲಾಳೇ ಅವನನ್ನು ಎತ್ತಿಕೊಂಡಳು. ಸೊಂಟ ಮತ್ತೆ ನೋಯಿತು. ಭಾರ ಇದ್ದಾನೆ! ಮತ್ತೆ ಒಟ್ಟು ಯಾಕೆ ಬದಲಾಗಿಲ್ಲ?

ಒಂದು ತುಂಬತದ, ಇನ್ನೊಂದು ಖಾಲಿ ಆಗ್ತದ.

ಅವಳು ಅವ್ವನ ಕಡೆ ನೋಡಿದಳು. ಅವ್ವನ ಕೈಬಳೆಗಳು ಜಾರಿ ಮಣಿಕಟ್ಟಿನ ಕೆಳಗೆ ಬಂದಿದ್ದವು.

“ಚಾಚಾ, ಅವ್ವಂದು ಒಬ್ಬಾಕಿಂದೇ ಮತ್ತೊಮ್ಮಿ ಮಾಡ್ರಿ.”

“ಅರೆ ಬೇಟಿ, ದೊಡ್ಡವರೇನು ಬೆಳೀತಾರ? ನಲವತ್ಮೂರೇ ಇರ್ತದ.”

“ಮಾಡ್ರಿ ಚಾಚಾ, ನಿಮ್ಮ ಕಾಲಿಗಿ ಬೀಳ್ತೀನಿ.” ಅವಳ ದನಿ ಅಳುವಿನಂತಾಗಿತ್ತು. ಅವಳೇ ಅವ್ವನ ಕೈ ಹಿಡಿದೆಳೆದು ನಿಲ್ಲಿಸಿದಳು.

ಕೆಂಪು ಅಂಕಿಗಳು ಮತ್ತೆ ಓಡಿದವು. ನಿಂತವು.

ನಲವತ್ತೆರಡು.

ಚಾಚಾ ಕಾಟಾವನ್ನೊಮ್ಮೆ ತಟ್ಟಿ ನೋಡಿದ. ಅಂಕಿ ಕದಲಲಿಲ್ಲ. “ಅರೆ! ಹಂಗಾದ್ರ ಕೂಸು ಆರು ಕೇಜಿ ಆಗ್ಯಾನ! ಒಂದು ಕೇಜಿ ಬೆಳದಾನ ನೋಡ್ರಿ, ಅಮ್ಮಾ!”

ಆಯಿಯ ಮುಖ ಅರಳಿತು. ಕೂಸಿನ ಕೆನ್ನೆ ಸವರಿ ನೆಟಿಗೆ ಮುರಿದಳು. “ನನ್ನ ಬಂಗಾರ! ಇರ್ಲಿ ಬಿಡು, ಇಲ್ಲೇ ಇರ್ಲಿ. ಅವ್ವನ ಹಾಲೇ ಚೊಲೊ ಹಿಡದಾವ.”

“ಭಾಳ ಶಾಣೆ ಇದ್ದಿ, ಬೇಟಿ,” ಎಂದು ಚಾಚಾ ಜಯಮಾಲಾಳ ಕೈಗೆ ಬೆಲ್ಲದ ತುಣುಕು ಇಟ್ಟ. ಆಮೇಲೆ ಅವ್ವನ ಕಡೆ ತಿರುಗಿದ. “ಆದ್ರ ಅಕ್ಕಾ, ನಿಮ್ದು...”

ಅವ್ವ ಬೇಡವೆನ್ನುವಂತೆ ಸಣ್ಣಗೆ ತಲೆ ಅಲ್ಲಾಡಿಸಿ, ಸೆರಗನ್ನು ಹೆಗಲ ತುಂಬ ಹೊದ್ದುಕೊಂಡಳು. ಅವಳು ಇಳಿದೊಡನೆ ಕಾಟಾದ ಅಂಕಿ ಸೊನ್ನೆಯಾಯಿತು.

ಅವ್ವ ತಲೆ ಅಲ್ಲಾಡಿಸಿದ್ದನ್ನು ಆಯಿ ನೋಡಲಿಲ್ಲ. ಜಯಮಾಲಾ ನೋಡಿದಳು. ಬಾಯಿಗೆ ಹಾಕಿಕೊಂಡ ಬೆಲ್ಲ ಹಾಗೇ ಇತ್ತು. ಅದನ್ನು ಚೀಪುವುದು ಮರೆತುಹೋಗಿತ್ತು.

ಸಂಜೆ ಆಯಿ ಮೊದಲು ಉಂಡು ಹೊರಗೆ ಹೋಗಿ ಕುಳಿತಳು. ಬುಟ್ಟಿಯಲ್ಲಿ ಮೂರು ಜೋಳದ ರೊಟ್ಟಿ ಉಳಿದಿದ್ದವು. ಅವ್ವ ಎರಡನ್ನು ಜಯಮಾಲಾಳ ತಾಟಿಗೆ ಹಾಕಿ, ಒಂದನ್ನು ತಾನು ತೆಗೆದುಕೊಂಡಳು.

ದಿನವೂ ಹೀಗೇ. ಜಯಮಾಲಾ ಎಂದೂ ಎಣಿಸಿರಲಿಲ್ಲ. ಒಟ್ಟು ಮೂರು. ವ್ಯತ್ಯಾಸ ಒಂದು.

ಅವಳು ಅರ್ಧ ರೊಟ್ಟಿ ಮುರಿದು ಅವ್ವನ ತಾಟಿಗೆ ಇಟ್ಟಳು. “ನಂಗ ಹಸಿವಿಲ್ಲ.”

“ಸುಳ್ಳಾಡಬ್ಯಾಡ. ಸಾಲಿಗಿ ಹೋಗೋ ಹುಡುಗಿ, ಉಣ್ಣು,” ಎಂದು ಅವ್ವ ಅದನ್ನು ತಿರುಗಿ ಇಟ್ಟಳು.

ಜಯಮಾಲಾ ಮತ್ತೆ ಕೊಟ್ಟಳು. ಅವ್ವ ಮತ್ತೆ ಇಟ್ಟಳು. ಅರ್ಧ ರೊಟ್ಟಿ ಆ ತಾಟಿನಿಂದ ಈ ತಾಟಿಗೆ ಓಡಾಡಿತು.

“ನಿನ್ನ ಹೊಟ್ಟಿ ಖಾಲಿ ಇಟ್ಟು ನನ್ನ ಹೊಟ್ಟಿ ತುಂಬಸ್ತಿಯೇನು, ಹುಚ್ಚಿ?” ಅವ್ವ ನಕ್ಕಳು. ಆದರೆ ಅವಳ ಕಣ್ಣು ನಗಲಿಲ್ಲ.

ಜಯಮಾಲಾ ಪುಂಡಿಪಲ್ಯ ಹಚ್ಚಿಕೊಂಡು ಆ ರೊಟ್ಟಿ ತಿಂದಳು.

ಉಂಡ ಮೇಲೆ ಗಣಿತದ ಪುಸ್ತಕ ತೆಗೆದಳು. ಹೆಚ್ಚಿದ್ದದ್ದು ಬದಿಗಿಟ್ಟಳು, ಉಳಿದದ್ದನ್ನು ಅರ್ಧ ಮಾಡಿದಳು. ಐದೂ ಲೆಕ್ಕ ಸರಿಯಾಗಿ ಬಂದವು. ಖುಷಿಯಾಗಲಿಲ್ಲ.

ಗೋಡೆಗೊರಗಿ ಕುಳಿತ ಅವ್ವನ ಸೆರಗಿನೊಳಗೆ ಜಟ್ಟೆಪ್ಪ ಚಪ್ ಚಪ್ ಎಂದು ಹಾಲು ಕುಡಿಯುತ್ತಿದ್ದ. ಅವ್ವ ಕಣ್ಣು ಮುಚ್ಚಿದ್ದಳು.

ಜಯಮಾಲಾ ಪುಸ್ತಕದ ಹಾಳೆಗಳನ್ನು ಒಂದೊಂದೇ ತಿರುವಿದಳು. ಒಟ್ಟು ಹೆಚ್ಚಾಗುವಂಥ ಲೆಕ್ಕ ಒಂದಾದರೂ ಇದೆಯೇ ಎಂದು ಹುಡುಕಿದಳು. ಪಾಠದ ಕೊನೆಯವರೆಗೂ ನೋಡಿದಳು.

ಎಲ್ಲ ಲೆಕ್ಕಗಳಲ್ಲೂ ಒಟ್ಟು ಎಷ್ಟೆಂದು ಮೊದಲೇ ಬರೆದಿಟ್ಟಿದ್ದರು.