ದೂರದರ್ಶಕದ ಬಾಯಿಗೆ ಕಟ್ಟಿದ ಬಟ್ಟೆ

ಸೋಮವಾರ ಬೆಳಗ್ಗೆ ಸೌರ ವೀಕ್ಷಣಾಲಯದ ನಿರ್ದೇಶಕರು ಖುದ್ದಾಗಿ ಠಾಣೆಗೆ ಬಂದು ದೂರು ಕೊಟ್ಟರು. ಸೂರ್ಯನ ಚಿತ್ರ ತೆಗೆಯುವ ದೂರದರ್ಶಕದ ಮುಂಭಾಗದ ಫಿಲ್ಟರ್ ಕಾಣೆಯಾಗಿತ್ತು. ಅಂಗೈಯಗಲದ ಗಾಜು, ಸುಡುವ ಬೆಳಕನ್ನೆಲ್ಲ ತಡೆದು, ಕಣ್ಣು ತಾಳುವಷ್ಟನ್ನೇ ಒಳಗೆ ಬಿಡುವಂಥದ್ದು. ಮರುದಿನ ಶಾಲಾ ಮಕ್ಕಳು ಸೂರ್ಯನನ್ನು ನೋಡಲು ಬರುವವರಿದ್ದರು.

ಎಫ್‌ಐಆರ್ ದಾಖಲಿಸಿದ ಇನ್‌ಸ್ಪೆಕ್ಟರ್ ಮೇಡಂ, ಹೆಡ್ ಕಾನ್‌ಸ್ಟೇಬಲ್ ಮತ್ತು ನಿರ್ದೇಶಕರ ಜೊತೆ ದೂರದರ್ಶಕವಿದ್ದ ಗುಮ್ಮಟದ ಕೋಣೆಗೆ ಹೋದರು. ಬೀಗ ಮುರಿದಿರಲಿಲ್ಲ. ದುಬಾರಿ ಕ್ಯಾಮೆರಾ ಇದ್ದಲ್ಲೇ ಇತ್ತು.

"ಕುದುರೆ ಬಿಟ್ಟು ಲಾಳ ಕದ್ದ ಹಾಗಾಯ್ತು ಮೇಡಂ," ಎಂದ ಹೆಡ್ ಕಾನ್‌ಸ್ಟೇಬಲ್.

ಮೇಡಂ ಕಣ್ಣು ದೂರದರ್ಶಕದ ಬಾಯಿಯ ಮೇಲಿತ್ತು. ಯಾರೋ ಅದಕ್ಕೆ ದಪ್ಪ ಬಟ್ಟೆ ಸುತ್ತಿ, ಬಿಗಿಯಾಗಿ ಗಂಟು ಹಾಕಿದ್ದರು.

"ಇದು ನೀವು ಕಟ್ಟಿದ್ದಾ?"

"ಇಲ್ಲ," ಎಂದರು ನಿರ್ದೇಶಕರು.

"ಫಿಲ್ಟರ್ ಇಲ್ಲ ಅಂತ ಗೊತ್ತಿಲ್ಲದೆ ಯಾರಾದ್ರೂ ನೋಡಿದ್ರೆ?"

"ಕ್ಷಣದಲ್ಲಿ ಕಣ್ಣು ಹೋಗುತ್ತೆ."

ಕದ್ದವರಿಗೆ ಕಂಡವರ ಕಣ್ಣಿನ ಚಿಂತೆ ಯಾಕೆ? ಮೇಡಂ ತಲೆಯೊಳಗೆ ಹುಳ ಬಿಟ್ಟಂತಾಯಿತು. ಪಂಚನಾಮೆ ಬರೆಸುತ್ತಲೇ ಬೀಗದ ಕೈ ಯಾರ ಬಳಿ ಇರುತ್ತದೆಂದು ವಿಚಾರಿಸಿದರು. ಒಂದು ನಿರ್ದೇಶಕರ ಬಳಿ. ಇನ್ನೊಂದು, ದಿನವೂ ಸೂರ್ಯನ ಚಿತ್ರ ತೆಗೆಯುವ ವೀಕ್ಷಕಿಯ ಬಳಿ.

ಮಧ್ಯಾಹ್ನ ವೀಕ್ಷಕಿಯನ್ನು ಕರೆಸಿದರು.

"ಕೊನೆಗೆ ಬೀಗ ಹಾಕಿದ್ದು ಯಾರು?"

"ನಾನೇ. ಆಗ ಎಲ್ಲಾ ಸರಿಯಾಗಿತ್ತು."

ಮೇಡಂ ಇನ್ನೇನೂ ಕೆದಕಲಿಲ್ಲ. "ಹೋಗ್ಲಿ ಬಿಡಮ್ಮ. ಗಾಜು ಸಿಕ್ಕಿದೆ. ನಾಳೆ ಅದನ್ನೇ ಹಾಕಿ ಮಕ್ಕಳಿಗೆ ತೋರಿಸಿ."

"ಬೇಡ ಮೇಡಂ! ಅದು ಬಿರುಕು ಬಿಟ್ಟಿದೆ."

"ಬಿರುಕಿನ ವಿಷಯ ದೂರಿನಲ್ಲಿಲ್ಲವಲ್ಲ," ಮೇಡಂ ಮೆಲ್ಲಗೆ ಹೇಳಿದರು. "ಗಾಜೂ ನಮಗಿನ್ನೂ ಸಿಕ್ಕಿಲ್ಲ."

ವೀಕ್ಷಕಿ ಮುಖ ಮುಚ್ಚಿಕೊಂಡಳು. ಒರೆಸುವಾಗ ಗಾಜು ಕೈಜಾರಿತ್ತು. ಕೂದಲೆಳೆಯಷ್ಟು ಬಿರುಕು, ನೋಡಿದವರಿಗೆ ಕಾಣದು, ಆದರೆ ಬಿಸಿಲಿಗೆ ಯಾವಾಗ ಸೀಳುತ್ತದೋ ಹೇಳುವಂತಿಲ್ಲ. ಸಂಜೆಯೊಳಗೆ ಅವಳ ಮನೆಯ ಬೀರುವಿನಲ್ಲಿ, ಮಡಚಿದ ಬಟ್ಟೆಗಳ ನಡುವೆ ಗಾಜು ಸಿಕ್ಕಿತು. ಪಂಚರ ಸಮಕ್ಷಮ ಜಪ್ತಿ ಮಾಡಿ, ಅವಳನ್ನು ಬಂಧಿಸಿ ಠಾಣೆಗೆ ಕರೆತಂದರು.

ವಿಷಯ ತಿಳಿದು ನಿರ್ದೇಶಕರು ಓಡಿ ಬಂದರು. "ನನಗೊಂದು ಮಾತು ಹೇಳಬಾರದಿತ್ತೇನಮ್ಮ?"

"ಹೋದ ವರ್ಷ ಲೆನ್ಸ್ ಒಡೆದವನನ್ನ ನಿಂತ ಕಾಲಲ್ಲೇ ಕೆಲಸದಿಂದ ತೆಗೆದ್ರಿ ಸರ್," ಎಂದಳು ತಲೆಯೆತ್ತದೆ. "ಹೇಳೋಕೆ ಧೈರ್ಯ ಬರಲಿಲ್ಲ. ಮಕ್ಕಳು ನೋಡ್ತಾರೆ ಅಂದಾಗ ಸುಮ್ಮನಿರೋಕೂ ಆಗಲಿಲ್ಲ. ಅದಕ್ಕೇ ಗಾಜು ತೆಗೆದು ಬಟ್ಟೆ ಕಟ್ಟಿದೆ."

ನಿರ್ದೇಶಕರು ಬೆಂಚಿನ ಮೇಲೆ ಕೂತರು. ಅವಳ ಜಾಮೀನಿಗೆ ಏನೇನು ಬೇಕೆಂದು ಹೆಡ್ ಕಾನ್‌ಸ್ಟೇಬಲ್‌ನನ್ನು ಕೇಳಿದರು.